ಸುತ್ತಿಗೆ ಹಿಡಿದ ಕೈಗಳು ಕಟ್ಟಿದ ಕ್ಲಬ್
ಓದುಗರ ಪ್ರಶ್ನೆ, ನಮ್ಮ ಉತ್ತರ

ಪ್ರಶ್ನೆ: ನಮ್ಮ ತಂದೆಯವರು ಬೆಂಗಳೂರಿನ ಕಾರ್ಖಾನೆಯೊಂದರಲ್ಲಿ ಫಿಟ್ಟರ್ ಆಗಿದ್ದರು. ಪಾಳಿ ಮುಗಿದ ಮೇಲೆ ಕಾರ್ಖಾನೆಯ ಫುಟ್‌ಬಾಲ್ ತಂಡಕ್ಕೆ ಆಡುತ್ತಿದ್ದರು. ಈಗ ನನ್ನ ಮಗ ಟಿ.ವಿ.ಯಲ್ಲಿ ಲಂಡನ್ನಿನ ವೆಸ್ಟ್ ಹ್ಯಾಮ್ ಯುನೈಟೆಡ್ ತಂಡದ ಆಟ ನೋಡುತ್ತಾನೆ. ಆ ತಂಡದ ಅಂಗಿಯ ಮೇಲೆ ಒಂದರ ಮೇಲೊಂದು ಅಡ್ಡವಾಗಿಟ್ಟ ಎರಡು ಸುತ್ತಿಗೆಗಳ ಗುರುತಿದೆ, ಪ್ರೇಕ್ಷಕರು ‘ಐರನ್ಸ್’ ಎಂದು ಕೂಗುತ್ತಾರೆ. ಅದು ಮೊದಲು ಕಾರ್ಖಾನೆಯೊಂದರ ತಂಡವಾಗಿತ್ತು, ಐದೇ ವರ್ಷ ಬಾಳಿತು ಎಂದು ಕೇಳಿದ್ದೇನೆ. ಆ ಕಾರ್ಖಾನೆ ಯಾವುದು? ತಂಡ ಅಷ್ಟು ಬೇಗ ಮುಗಿದದ್ದೇಕೆ? (ಬೆಂಗಳೂರಿನ ಓದುಗರೊಬ್ಬರು)

ಉತ್ತರ: ನೀವು ಕೇಳಿದ್ದು ನಿಜ. ಆ ಸುತ್ತಿಗೆಗಳು ಹಡಗಿನ ಕಬ್ಬಿಣದ ಹಲಗೆಗಳಿಗೆ ರಿವೆಟ್, ಅಂದರೆ ಹಲಗೆಗಳನ್ನು ಜೋಡಿಸುವ ದಪ್ಪ ಮೊಳೆ, ಬಡಿಯುತ್ತಿದ್ದ ಸುತ್ತಿಗೆಗಳು. ಕಾರ್ಖಾನೆಯ ಹೆಸರು ಥೇಮ್ಸ್ ಐರನ್‌ವರ್ಕ್ಸ್ ಅಂಡ್ ಶಿಪ್‌ಬಿಲ್ಡಿಂಗ್ ಕಂಪನಿ. ಅದರ ಕೆಲಸಗಾರರ ಫುಟ್‌ಬಾಲ್ ಕ್ಲಬ್ 1895ರ ಬೇಸಿಗೆಯಲ್ಲಿ ಹುಟ್ಟಿ 1900ರ ಬೇಸಿಗೆಯಲ್ಲಿ ವಿಸರ್ಜನೆಯಾಯಿತು. ನಡುವಿನ ಐದು ವರ್ಷಗಳಲ್ಲಿ ಅದು ಕಂಡ ಏರಿಳಿತವನ್ನು ತಿಳಿಯಬೇಕಾದರೆ ಮೊದಲು ಆ ಊರನ್ನೂ ಅಲ್ಲಿನ ಮಾಲೀಕರನ್ನೂ ಅರಿಯಬೇಕು.

ಲಂಡನ್ನಿನ ಪೂರ್ವದ ಅಂಚಿನಲ್ಲಿ ಲೀ ಎಂಬ ಸಣ್ಣ ನದಿ ಥೇಮ್ಸ್ ನದಿಯನ್ನು ಸೇರುತ್ತದೆ. ದುರ್ವಾಸನೆ ಬೀರುವ ಮತ್ತು ಅಪಾಯಕಾರಿಯಾದ ಉದ್ಯಮಗಳನ್ನು ರಾಜಧಾನಿಯ ಮೇರೆಯೊಳಗೆ ನಿರ್ಬಂಧಿಸುವ ಕಾಯಿದೆಯೊಂದು 1844ರಲ್ಲಿ ಬಂದಿತ್ತು. ಲೀ ನದಿಯೇ ಆ ಮೇರೆಯಾಗಿದ್ದುದರಿಂದ, ಅಂಥ ಕಾರ್ಖಾನೆಗಳು ನದಿ ದಾಟಿ ಎಸೆಕ್ಸ್ ಪ್ರಾಂತ್ಯಕ್ಕೆ ಸೇರಿದ ವೆಸ್ಟ್ ಹ್ಯಾಮ್‌ನಲ್ಲಿ ನೆಲೆಯೂರಿದವು. ಅವುಗಳ ಬೆನ್ನಿಗೇ ಕ್ಯಾನಿಂಗ್ ಟೌನ್ ಎಂಬ ಕೂಲಿಕಾರರ ಊರು, ಸರಿಯಾದ ಚರಂಡಿಯೂ ಇಲ್ಲದೆ, ಬೆಳೆಯಿತು. ಹಡಗು ಕಟ್ಟುವ ಐರನ್‌ವರ್ಕ್ಸ್ ಇದ್ದದ್ದು ಆ ನದಿಯ ಬಾಯಲ್ಲೇ. 1860ರ ಡಿಸೆಂಬರ್ 29ರಂದು ಅಲ್ಲಿ ನೀರಿಗಿಳಿದ ‘ವಾರಿಯರ್’ ಬ್ರಿಟಿಷ್ ನೌಕಾಪಡೆಯ ಮೊದಲ ಕಬ್ಬಿಣದ ಒಡಲಿನ, ಕವಚ ತೊಟ್ಟ ಯುದ್ಧನೌಕೆ. ಅಷ್ಟು ದೊಡ್ಡ ಹೆಸರಿನ ಹಡಗುಕಟ್ಟೆ ಅದು.

ಆರ್ನಾಲ್ಡ್ ಹಿಲ್ಸ್ 1880ರಲ್ಲಿ, ತಮ್ಮ ಇಪ್ಪತ್ತಮೂರನೆಯ ವಯಸ್ಸಿನಲ್ಲಿ, ಈ ಕಂಪನಿಯ ಆಡಳಿತ ಮಂಡಳಿಗೆ ಬಂದರು. ಅವರು ಹ್ಯಾರೋ ಶಾಲೆಯಲ್ಲೂ ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದಲ್ಲೂ ಓದಿದವರು, ಒಂದು ಮೈಲಿ ಓಟದಲ್ಲಿ ಹೆಸರು ಮಾಡಿದವರು. ಇಂಗ್ಲೆಂಡಿನ ಫುಟ್‌ಬಾಲ್ ಸಂಸ್ಥೆ ನಡೆಸುವ ಎಫ್.ಎ. ಕಪ್ ಪಂದ್ಯಾವಳಿಯ 1877ರ ಫೈನಲ್ಲಿನಲ್ಲಿ ಆಕ್ಸ್‌ಫರ್ಡ್ ಪರವಾಗಿ ಆಡಿ, ಹೆಚ್ಚುವರಿ ಸಮಯದಲ್ಲಿ ವಾಂಡರರ್ಸ್ ತಂಡಕ್ಕೆ 2–1ರಿಂದ ಸೋತವರು. 1879ರಲ್ಲಿ ಸ್ಕಾಟ್ಲೆಂಡ್ ವಿರುದ್ಧ ಇಂಗ್ಲೆಂಡ್ 5–4ರಿಂದ ಗೆದ್ದ ಪಂದ್ಯದಲ್ಲೂ ಅವರಿದ್ದರು. ಮದ್ಯ, ಮಾಂಸ ಎರಡನ್ನೂ ಮುಟ್ಟದ ಈ ಶ್ರೀಮಂತ ಯುವಕ ತನ್ನ ಕೆಲಸಗಾರರ ನಡುವೆಯೇ, ಈಸ್ಟ್ ಇಂಡಿಯಾ ಡಾಕ್ ರಸ್ತೆಯ ಚಿಕ್ಕ ಮನೆಯೊಂದರಲ್ಲಿ, ಕೆಲವು ವರ್ಷ ವಾಸವಾಗಿದ್ದರು. ದೂರದ ಬಂಗಲೆಯಿಂದ ಧರ್ಮ ಹಂಚುವ ಮಾಲೀಕರು ಆ ಕಾಲದಲ್ಲಿ ಬೇಕಾದಷ್ಟಿದ್ದರು. ಹಿಲ್ಸ್ ಆ ಸಾಲಿಗೆ ಸೇರುವವರಲ್ಲ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ, ಏಕೆಂದರೆ ಮುಂದೆ ಅವರ ಬಗ್ಗೆ ಕಟುವಾದ ಮಾತನ್ನೂ ಆಡಬೇಕಾಗುತ್ತದೆ.

ಆಗ ಪೂರ್ವ ಲಂಡನ್ನಿನಲ್ಲಿ ಕಾರ್ಮಿಕರ ಅಸಮಾಧಾನ ಕುದಿಯುತ್ತಿತ್ತು. 1889ರಲ್ಲಿ ಬಂದರಿನ ಹಮಾಲರು ಗಂಟೆಗೆ ಆರು ಪೆನ್ಸ್ ಕೂಲಿ ಕೇಳಿ ಮುಷ್ಕರ ಹೂಡಿದರು. ಅವರ ಗೆಲುವು ಸುತ್ತಮುತ್ತಲ ಕಾರ್ಖಾನೆಗಳಿಗೂ ಧೈರ್ಯ ತುಂಬಿತು, ಐರನ್‌ವರ್ಕ್ಸ್‌ನಲ್ಲೂ ಒಂದರ ಹಿಂದೊಂದು ಮುಷ್ಕರಗಳಾದವು. ಹಿಲ್ಸ್ ಕಾರ್ಮಿಕ ಸಂಘಗಳ ಬೇಡಿಕೆಗೆ ಸುಲಭವಾಗಿ ಮಣಿಯುವವರಾಗಿರಲಿಲ್ಲ. ಆದರೆ ಜಗಳದ ಬೇರನ್ನು ಕೀಳಬೇಕೆಂಬ ಹಂಬಲ ಅವರಲ್ಲಿತ್ತು. ಅಂದಾಜಿಗಿಂತ ಕಡಿಮೆ ಖರ್ಚಿನಲ್ಲಿ ಕೆಲಸ ಮುಗಿದರೆ ಉಳಿತಾಯದಲ್ಲಿ ಕೆಲಸಗಾರರಿಗೂ ಪಾಲು ಕೊಡುವ ‘ಗುಡ್ ಫೆಲೋಶಿಪ್’ ಯೋಜನೆಯನ್ನು 1892ರಲ್ಲಿ ತಂದರು. 1894ರಲ್ಲಿ ದಿನಕ್ಕೆ ಎಂಟೇ ಗಂಟೆಯ ದುಡಿಮೆ ಎಂದು ಗೊತ್ತುಮಾಡಿದರು. ಅದರ ಜೊತೆಗೆ ವಾದ್ಯಮೇಳ, ಸೈಕಲ್ ಸವಾರಿ, ಕ್ರಿಕೆಟ್, ಪಾನನಿರೋಧ ಹೀಗೆ ಹಲವು ಕ್ಲಬ್ಬುಗಳನ್ನೂ ಪೋಷಿಸಿದರು. ಈ ಸುದ್ದಿಗಳನ್ನೆಲ್ಲ ಹಂಚಿಕೊಳ್ಳಲು 1895ರ ಜನವರಿಯಿಂದ ‘ಥೇಮ್ಸ್ ಐರನ್‌ವರ್ಕ್ಸ್ ಗೆಜೆಟ್’ ಎಂಬ ಕಾರ್ಖಾನೆಯದೇ ಪತ್ರಿಕೆ ಹೊರಟಿತು.

1895ರ ಜೂನ್ 29ರ ಗೆಜೆಟ್‌ನಲ್ಲಿ ಒಂದು ಚಿಕ್ಕ ಪ್ರಕಟಣೆಯಿತ್ತು. ಹಡಗು ಕಟ್ಟುವ ವಿಭಾಗದ ಟೇಲರ್ ಅವರು ಮುಂದಿನ ಚಳಿಗಾಲಕ್ಕೆ ಫುಟ್‌ಬಾಲ್ ಕ್ಲಬ್ ಒಂದನ್ನು ಕಟ್ಟುವ ಹೊಣೆ ಹೊತ್ತಿದ್ದಾರೆ, ಇಷ್ಟವಿದ್ದವರು ಹೆಸರು ಕೊಡಬಹುದು ಎಂಬುದು ಅದರ ಸಾರ. ಈ ಡೇವ್ ಟೇಲರ್ ಕಾರ್ಖಾನೆಯ ಮೇಸ್ತ್ರಿ. ಆ ಭಾಗದ ಪಂದ್ಯಗಳಿಗೆ ರೆಫರಿಯಾಗಿಯೂ ಹೋಗುತ್ತಿದ್ದರು. ಚಂದಾ ವರ್ಷಕ್ಕೆ ಅರ್ಧ ಕ್ರೌನ್, ಅಂದರೆ ಎರಡು ಷಿಲಿಂಗ್ ಆರು ಪೆನ್ಸ್. ಐವತ್ತರಷ್ಟು ಮಂದಿ ಹೆಸರು ಬರೆಸಿದರು. ಈ ಕ್ಲಬ್ಬಿನ ಕಥೆ ಹೇಳುವವರು ಸಾಮಾನ್ಯವಾಗಿ ಹಣ ಕೊಟ್ಟ ಹಿಲ್ಸ್ ಅವರಿಂದ ಆರಂಭಿಸಿ ಅವರಲ್ಲೇ ನಿಲ್ಲಿಸುತ್ತಾರೆ. ಆದರೆ ಆಟಗಾರರನ್ನು ಕಲೆಹಾಕಿ, ಎದುರಾಳಿಗಳಿಗೆ ಪತ್ರ ಬರೆದು, ಮೊದಲ ವರ್ಷದ ಪಂದ್ಯಗಳನ್ನೆಲ್ಲ ಗೊತ್ತುಮಾಡಿ, ಆ ವರ್ಷ ಮುಗಿದದ್ದೇ ಸದ್ದಿಲ್ಲದೆ ತಮ್ಮ ರೆಫರಿ ಕೆಲಸಕ್ಕೆ ಮರಳಿದ ಟೇಲರ್ ಅವರೇ ಈ ಕ್ಲಬ್ಬಿನ ನಿಜವಾದ ಕರ್ತೃ ಎಂದು ನನ್ನ ದೃಢವಾದ ಅಭಿಪ್ರಾಯ.

ಮೊದಲ ತಂಡದಲ್ಲಿ ಬಾಯ್ಲರ್ ಕೆಲಸದವರಿದ್ದರು, ಗುಮಾಸ್ತರಿದ್ದರು, ರಿವೆಟ್ ಕೆಲಸ ಕಲಿಯುತ್ತಿದ್ದ ಚಾರ್ಲಿ ಡವ್ ಎಂಬ ಹುಡುಗನೂ ಇದ್ದ. ಮಂಗಳವಾರ ಮತ್ತು ಗುರುವಾರ ರಾತ್ರಿ ಬಾರ್ಕಿಂಗ್ ರಸ್ತೆಯ ಚರ್ಚ್ ಶಾಲೆಯೊಂದರ ಕೋಣೆಯಲ್ಲಿ, ಗ್ಯಾಸ್ ದೀಪದ ಬೆಳಕಿನಲ್ಲಿ, ಅಂಗಸಾಧನೆ ನಡೆಯುತ್ತಿತ್ತು. ಎಂಟು ಗಂಟೆ ಸುತ್ತಿಗೆ ಎತ್ತಿದ ತೋಳುಗಳನ್ನು ಮತ್ತೆ ಅಂಗಸಾಧನೆಗೆ ಚಾಚಿದವರ ಉತ್ಸಾಹ ಎಂಥದಿರಬೇಕೆಂಬುದು, ನಿಮ್ಮ ತಂದೆಯವರನ್ನು ಕಂಡ ನಿಮಗೆ ನನಗಿಂತ ಚೆನ್ನಾಗಿ ತಿಳಿದಿರುತ್ತದೆ. ಕ್ಯಾನಿಂಗ್ ಟೌನ್‌ನ ಹರ್ಮಿಟ್ ರೋಡಿನಲ್ಲಿದ್ದ ಮೈದಾನವನ್ನು ಬೂದಿಗುಡ್ಡೆಯೆಂದೇ ಜನ ಕರೆಯುತ್ತಿದ್ದರು. ಅಲ್ಲಿ 1895ರ ಸೆಪ್ಟೆಂಬರ್ 7ರಂದು ರಾಯಲ್ ಆರ್ಡ್‌ನೆನ್ಸ್‌ನ ಎರಡನೆಯ ತಂಡದೊಂದಿಗೆ ಮೊದಲ ಪಂದ್ಯ ನಡೆದು 1–1ರಲ್ಲಿ ಸಮವಾಯಿತು. ಅದೇ ವರ್ಷ ಎಫ್.ಎ. ಕಪ್ಪಿಗೂ ಹೆಸರು ಕೊಟ್ಟು, ಚಾಟಮ್ ತಂಡಕ್ಕೆ ಐದು ಗೋಲುಗಳಿಂದ ಸೋತರು. ಆದರೆ ಋತುವಿನ ಕೊನೆಗೆ ಬಾರ್ಕಿಂಗ್ ತಂಡದೊಡನೆ ಮೂರು ಬಾರಿ ಸೆಣಸಿ ವೆಸ್ಟ್ ಹ್ಯಾಮ್ ಚಾರಿಟಿ ಕಪ್ಪನ್ನು ಗೆದ್ದುಕೊಂಡರು.

ಆ ಮೊದಲ ಚಳಿಗಾಲದ ಒಂದು ಪ್ರಸಂಗ ನನಗೆ ಬಹಳ ಪ್ರಿಯವಾದದ್ದು. ಇಂಗ್ಲೆಂಡಿನಲ್ಲಿ ಡಿಸೆಂಬರ್ ಸಂಜೆ ನಾಲ್ಕಕ್ಕೇ ಕತ್ತಲು. ಹಡಗುಕಟ್ಟೆಯಲ್ಲಿ ವಿದ್ಯುತ್ ಕೆಲಸ ಬಲ್ಲವರಿದ್ದರು. ಅವರು ಮೈದಾನದ ಸುತ್ತ ಕಂಬ ನೆಟ್ಟು, ದೀಪ ತೂಗುಹಾಕಿ, ರಾತ್ರಿ ಆಟದ ಪ್ರಯೋಗಕ್ಕೆ ಕೈಹಾಕಿದರು. ಚರ್ಮದ ಚೆಂಡು ಆ ಮಂದ ಬೆಳಕಿನಲ್ಲಿ ಕಣ್ಣಿಗೆ ಬೀಳುತ್ತಿರಲಿಲ್ಲವಾದ್ದರಿಂದ ಅದನ್ನು ಸುಣ್ಣದ ನೀರಿನಲ್ಲಿ ಅದ್ದಿ ಬಿಳುಪು ಮಾಡುತ್ತಿದ್ದರು. 1896ರ ಮಾರ್ಚ್‌ನಲ್ಲಿ ವುಲಿಚ್ ಆರ್ಸೆನಲ್, ವೆಸ್ಟ್ ಬ್ರಾಮ್‌ವಿಚ್ ಆಲ್ಬಿಯನ್‌ನಂಥ ಪ್ರಬಲ ತಂಡಗಳು ಈ ದೀಪಗಳ ಕೆಳಗೆ ಆಡಲು ಬಂದವು. ಕಾರ್ಖಾನೆಯ ತಂಡ ಎರಡೂ ಪಂದ್ಯ ಸೋತಿತು. ಆದರೂ ಇಂಗ್ಲೆಂಡಿನ ಲೀಗ್ ಪಂದ್ಯಗಳು ದೀಪದ ಬೆಳಕಿನಲ್ಲಿ ಮೊದಲ ಬಾರಿಗೆ ನಡೆದದ್ದು 1956ರಲ್ಲಿ ಎಂಬುದನ್ನು ನೆನೆದರೆ, ಆ ಕೆಲಸಗಾರರ ಸಾಹಸ ಎಷ್ಟು ಮುಂದಿನದೆಂಬುದು ಮನವರಿಕೆಯಾಗುತ್ತದೆ. ತಾವು ಬಲ್ಲ ಕಸುಬನ್ನೇ ಅವರು ಆಟಕ್ಕೆ ಧಾರೆಯೆರೆದಿದ್ದರು.

1896ರ ಅಕ್ಟೋಬರ್‌ನಲ್ಲಿ ಹರ್ಮಿಟ್ ರೋಡಿನ ಮೈದಾನ ಕೈತಪ್ಪಿತು. ಸುತ್ತ ಬೇಲಿ ಹಾಕಿ, ಟಿಕೆಟ್ ಇಟ್ಟು ಜನರನ್ನು ಒಳಗೆ ಬಿಟ್ಟದ್ದು ಬಾಡಿಗೆಯ ಕರಾರಿಗೆ ವಿರುದ್ಧವೆಂದು ಕ್ಲಬ್ಬನ್ನು ಅಲ್ಲಿಂದ ಎಬ್ಬಿಸಲಾಯಿತು. ಕೆಲಕಾಲ ಈಸ್ಟ್ ಹ್ಯಾಮ್‌ನ ಬ್ರೌನಿಂಗ್ ರೋಡಿನಲ್ಲಿ ಆಡಿದರು. ಹಿಲ್ಸ್ ಇದಕ್ಕೆ ಕೊಟ್ಟ ಉತ್ತರ ಅವರ ಸ್ವಭಾವಕ್ಕೆ ತಕ್ಕದ್ದಾಗಿತ್ತು. ಅವರು ಸುಮಾರು 20,000 ಪೌಂಡ್ ತಮ್ಮ ಕೈಯಿಂದ ಹಾಕಿ ಪ್ಲಾಸ್ಟೋ ಬಳಿ ಮೆಮೊರಿಯಲ್ ಗ್ರೌಂಡ್ಸ್ ಎಂಬ ಭವ್ಯ ಮೈದಾನ ಕಟ್ಟಿಸಿದರು. ಸೈಕಲ್ ಪಥ, ಓಟದ ಪಥ, ಟೆನ್ನಿಸ್ ಅಂಕಣ, ಇಂಗ್ಲೆಂಡಿನ ಅತಿ ದೊಡ್ಡ ಬಯಲು ಈಜುಕೊಳಗಳಲ್ಲೊಂದು, ಎಲ್ಲವೂ ಅಲ್ಲಿದ್ದವು. ವಿಕ್ಟೋರಿಯಾ ರಾಣಿಯ ಆಳ್ವಿಕೆಗೆ ಅರುವತ್ತು ತುಂಬಿದ ಉತ್ಸವದ ದಿನ, 1897ರ ಜೂನ್ 22ರಂದು, ಅದು ತೆರೆಯಿತು. ಆದರೆ ಮೈದಾನ ಜನವಸತಿಯಿಂದ ದೂರವಿತ್ತು, ರೈಲು ನಿಲ್ದಾಣ ಹತ್ತಿರವಿರಲಿಲ್ಲ. ಸಮೀಪದ ವೆಸ್ಟ್ ಹ್ಯಾಮ್ ನಿಲ್ದಾಣ ತೆರೆದದ್ದು 1901ರಲ್ಲಿ; ಆ ಹೊತ್ತಿಗೆ ಐರನ್‌ವರ್ಕ್ಸ್ ಕ್ಲಬ್ಬೇ ಉಳಿದಿರಲಿಲ್ಲ.

ಮೈದಾನ ತೆರೆದು ಒಂದು ವರ್ಷ ತುಂಬುವುದಕ್ಕೆ ಒಂದೇ ದಿನ ಮುಂಚೆ, 1898ರ ಜೂನ್ 21ರಂದು, ಹಡಗುಕಟ್ಟೆಯಲ್ಲಿ ಘೋರ ದುರಂತವೊಂದು ನಡೆಯಿತು. ‘ಆಲ್ಬಿಯನ್’ ಯುದ್ಧನೌಕೆ ನೀರಿಗಿಳಿದಾಗ ಎದ್ದ ಅಲೆಗೆ, ನೋಡಲು ಬಂದವರು ಕಿಕ್ಕಿರಿದು ನಿಂತಿದ್ದ ಮರದ ಅಟ್ಟಣೆ ಮುರಿದು, 30ಕ್ಕೂ ಹೆಚ್ಚು ಮಂದಿ ಮುಳುಗಿ ಸತ್ತರು. ಅವರಲ್ಲಿ ಹೆಚ್ಚಿನವರು ಹೆಂಗಸರು ಮತ್ತು ಮಕ್ಕಳು. ಶನಿವಾರ ಮೈದಾನಕ್ಕೆ ಬರುತ್ತಿದ್ದ ಪ್ರೇಕ್ಷಕರೂ, ಆ ದಿನ ಹೆಣಗಳನ್ನು ಹೊತ್ತವರೂ ಒಂದೇ ಬೀದಿಗಳವರು. ಕ್ಲಬ್ಬು, ಕಾರ್ಖಾನೆ, ಊರು ಎಂದು ಈ ಮೂರನ್ನು ಆ ಕಾಲದ ಕ್ಯಾನಿಂಗ್ ಟೌನ್‌ನಲ್ಲಿ ಬೇರೆಬೇರೆಯಾಗಿ ಎಣಿಸಲಾಗದು. ಅದಕ್ಕಾಗಿಯೇ ಇದನ್ನು ಇಲ್ಲಿ ಹೇಳಿದೆ.

ಇನ್ನು ನಿಮ್ಮ ಮುಖ್ಯ ಪ್ರಶ್ನೆಗೆ ಬರುತ್ತೇನೆ. ಕ್ಲಬ್ಬು ಸೋತು ಸಾಯಲಿಲ್ಲ. 1897–98ರಲ್ಲಿ ಅದು ಲಂಡನ್ ಲೀಗ್ ಗೆದ್ದಿತು. ಆ ಋತುವಿನಲ್ಲಿ ಲೀಗಿನಲ್ಲಿ ಸೋತದ್ದು ಒಂದೇ ಪಂದ್ಯ, ಬ್ರೆಂಟ್‌ಫರ್ಡ್ ಎದುರು. ಆ ಗೆಲುವಿನ ಬಳಿಕ ಮೇಲಿನ ಮೆಟ್ಟಿಲೇರುವ ಆಸೆ ಸಹಜವಾಗಿಯೇ ಹುಟ್ಟಿತು. 1898ರಲ್ಲಿ ಕ್ಲಬ್ಬು ಸಂಬಳದ ಆಟಗಾರರನ್ನು ಸೇರಿಸಿಕೊಂಡು, ದಕ್ಷಿಣ ಇಂಗ್ಲೆಂಡಿನ ಕ್ಲಬ್ಬುಗಳ ಸದರ್ನ್ ಲೀಗಿನ ಎರಡನೆಯ ವಿಭಾಗ ಸೇರಿ, ಮೊದಲ ಪ್ರಯತ್ನದಲ್ಲೇ ಅದನ್ನೂ ಗೆದ್ದಿತು. ಮೊದಲ ವಿಭಾಗಕ್ಕೆ ಏರಿದ ಮೇಲೆ ಟಾಟನಮ್ ಮುಂತಾದ ಕ್ಲಬ್ಬುಗಳಿಂದ ಹೆಸರಾಂತ ಆಟಗಾರರನ್ನು ಕರೆತರಲಾಯಿತು. ಹೀಗೆ ಪ್ರತಿ ವರ್ಷವೂ ತಂಡದಲ್ಲಿ ಕಾರ್ಖಾನೆಯ ಗೇಟು ದಾಟಿ ದುಡಿಯುವವರ ಸಂಖ್ಯೆ ಇಳಿಯುತ್ತ, ಹೊರಗಿನವರ ಸಂಖ್ಯೆ ಏರುತ್ತ ಹೋಯಿತು.

ಹಿಲ್ಸ್ ಅವರಿಗೆ ಇದು ಸಹನೆಯಾಗಲಿಲ್ಲ. ಗೆಜೆಟ್‌ನಲ್ಲಿ ಅವರು ತಮ್ಮ ಕಳವಳವನ್ನು ಬಿಚ್ಚಿ ಬರೆದರು: ನಮ್ಮ ಸಮುದಾಯಕ್ಕೆ ಸೇರದವರನ್ನು ಹಣ ಕೊಟ್ಟು ತಂದು ನಮ್ಮ ಹೆಸರಿನಲ್ಲಿ ಆಡಿಸುತ್ತಿದ್ದೇವೆ, ಅವನತಿಯ ಕಾಲದ ರೋಮನ್ನರು ಮಲ್ಲರನ್ನು ಕೂಲಿಗಿಟ್ಟುಕೊಂಡು ಕಾದಾಡಿಸಿದಂತೆ ನಾವೂ ನಮ್ಮ ಆಟವನ್ನು ಬೇರೆಯವರ ಕೈಯಲ್ಲಿ ಆಡಿಸಿ ನೋಡುತ್ತ ಕೂತಿದ್ದೇವೆ ಎಂಬುದು ಆ ಬರಹದ ತಾತ್ಪರ್ಯ. ಕ್ಲಬ್ಬು ಹುಟ್ಟಿದ್ದು ಕೆಲಸಗಾರ ತಾನೇ ಆಡಲಿ, ಆಡುತ್ತ ಪಕ್ಕದವನೊಡನೆ ಬೆರೆಯಲಿ ಎಂದು. ಕೆಲಸಗಾರ ಬೇಲಿಯ ಹೊರಗೆ ನಿಂತು ಟಿಕೆಟ್ ಕೊಂಡು ನೋಡುವುದಾದರೆ ಆ ಉದ್ದೇಶ ಉಳಿಯಲಿಲ್ಲ. ಹಿಲ್ಸ್ ಅವರ ಈ ಮಾತಿನಲ್ಲಿ ಸತ್ಯವಿದೆಯೆಂದು ನಾನು ಒಪ್ಪುತ್ತೇನೆ. ಆದರೆ ಭಾರಿ ಮೈದಾನ ಕಟ್ಟಿಸಿ, ಅದನ್ನು ತುಂಬಬಲ್ಲ ಆಟ ಬೇಕೆಂದು ಬಯಸಿದವರೂ ಅವರೇ. ಅಷ್ಟು ದೊಡ್ಡ ಮೈದಾನವನ್ನು ಸಂಜೆ ಪಾಳಿ ಮುಗಿಸಿ ಬಂದ ಹನ್ನೊಂದು ಮಂದಿ ತುಂಬಬಲ್ಲರೇ ಎಂದು ಅವರು ಆಲೋಚಿಸಲಿಲ್ಲ.

1899–1900ರ ಕೊನೆಯ ಋತು ಕಷ್ಟದ್ದಾಗಿತ್ತು. ಡಿಸೆಂಬರ್ 9ರಂದು ಎಫ್.ಎ. ಕಪ್ಪಿನಲ್ಲಿ ಲೀ ನದಿಯಾಚೆಯ ಮಿಲ್‌ವಾಲ್ ತಂಡಕ್ಕೆ 2–1ರಿಂದ ಸೋತರು. ಇಂದಿಗೂ ಆರದ ಹಗೆತನದ ಮೊದಲ ಅಧ್ಯಾಯ ಅದು. ಟಾಟನಮ್‌ನಿಂದ ಬಂದಿದ್ದ ಬ್ರಾಡ್‌ಶಾ ಕ್ರಿಸ್‌ಮಸ್ ದಿನ ಕ್ಷಯರೋಗದಿಂದ ತೀರಿಕೊಂಡರು. ಲೀಗಿನ ಕೆಳತುದಿಗೆ ಜಾರಿದ ತಂಡ, ಫುಲಮ್ ಎದುರಿನ ನಿರ್ಣಾಯಕ ಪಂದ್ಯವನ್ನು 5–1ರಿಂದ ಗೆದ್ದು ಮೊದಲ ವಿಭಾಗದಲ್ಲಿ ಉಳಿದುಕೊಂಡಿತು. ಐರನ್‌ವರ್ಕ್ಸ್ ಹೆಸರಿನಲ್ಲಿ ಆಡಿದ ಕಟ್ಟಕಡೆಯ ಮಹತ್ವದ ಆಟ ಇದು.

ಆ ವೇಳೆಗೆ ಕಂಪನಿಯ ಸ್ಥಿತಿಯೂ ಬದಲಾಗಿತ್ತು. ಹಡಗಿನ ಎಂಜಿನ್ ತಯಾರಿಸುವ ಜಾನ್ ಪೆನ್ ಅಂಡ್ ಸನ್ಸ್ ಕಂಪನಿಯನ್ನು 1899ರಲ್ಲಿ ಕೊಂಡುಕೊಳ್ಳಲು ಷೇರುದಾರರ ಹಣ ಎತ್ತಲಾಗಿತ್ತು. ಷೇರುದಾರರಿಗೆ ಲೆಕ್ಕ ಒಪ್ಪಿಸಬೇಕಾದ ಮೇಲೆ, ಮಾಲೀಕ ಮನಸ್ಸು ಬಂದಷ್ಟು ಹಣವನ್ನು ಫುಟ್‌ಬಾಲಿಗೆ ಸುರಿಯುವಂತಿರಲಿಲ್ಲ. 1900ರ ಜೂನ್‌ನಲ್ಲಿ ಕ್ಲಬ್ಬನ್ನು ವಿಸರ್ಜಿಸಲಾಯಿತು. ಜುಲೈ 5ರಂದು, ತಲಾ 10 ಷಿಲಿಂಗಿನ 4,000 ಷೇರುಗಳ ಬಂಡವಾಳದೊಂದಿಗೆ, ವೆಸ್ಟ್ ಹ್ಯಾಮ್ ಯುನೈಟೆಡ್ ಎಂಬ ಹೊಸ ಕಂಪನಿ ನೋಂದಣಿಯಾಯಿತು. ಸೆಪ್ಟೆಂಬರ್ 1ರಂದು ಅದೇ ಮೆಮೊರಿಯಲ್ ಗ್ರೌಂಡ್ಸ್‌ನಲ್ಲಿ ಗ್ರೇವ್ಸೆಂಡ್ ತಂಡವನ್ನು 7–0ರಿಂದ ಸೋಲಿಸಿ ಹೊಸ ಕ್ಲಬ್ಬು ಆಟ ಆರಂಭಿಸಿತು. ಕಾರ್ಖಾನೆಯ ಹೆಸರು ಹೋಗಿ ಊರಿನ ಹೆಸರು ಬಂದಿತು, ಸುತ್ತಿಗೆಗಳು ಮಾತ್ರ ಉಳಿದವು.

ಪ್ರಶ್ನೆ: ಗಾಂಧೀಜಿಯವರು ಆತ್ಮಕಥೆಯಲ್ಲಿ ಲಂಡನ್ನಿನ ಸಸ್ಯಾಹಾರಿ ಸಂಘದ ಅಧ್ಯಕ್ಷರಾದ ಹಿಲ್ಸ್ ಎಂಬವರನ್ನು ನೆನೆಯುತ್ತಾರೆ. ಅವರೂ ಈ ಹಡಗುಕಟ್ಟೆಯ ಹಿಲ್ಸ್ ಅವರೂ ಒಬ್ಬರೇ? (ಮೈಸೂರಿನ ನಿವೃತ್ತ ಅಧ್ಯಾಪಕಿಯೊಬ್ಬರು)

ಉತ್ತರ: ಹೌದಮ್ಮ, ಒಬ್ಬರೇ. ಹಿಲ್ಸ್ ಥೇಮ್ಸ್ ಐರನ್‌ವರ್ಕ್ಸ್‌ನ ಒಡೆಯರೆಂದು ಗಾಂಧೀಜಿ ಅಲ್ಲಿ ಸ್ಪಷ್ಟವಾಗಿಯೇ ಹೇಳಿದ್ದಾರೆ. ಸಂಘ ಬಹುಮಟ್ಟಿಗೆ ಅವರ ಹಣದ ಬಲದಿಂದಲೇ ನಡೆಯುತ್ತಿತ್ತೆಂದೂ ಬರೆದಿದ್ದಾರೆ. ಕಾನೂನು ಓದಲು 1888ರಲ್ಲಿ ಲಂಡನ್ನಿಗೆ ಬಂದ ಗಾಂಧೀಜಿ, ಈ ಸಂಘದ ಕಾರ್ಯಕಾರಿ ಸಮಿತಿಯ ಸದಸ್ಯರಾಗಿದ್ದರು.

ಅಲ್ಲಿ ನಡೆದ ಒಂದು ವಿವಾದ ನಮ್ಮ ವಿಷಯಕ್ಕೆ ನೇರವಾಗಿ ಸಂಬಂಧಿಸಿದೆ. ಸಮಿತಿಯ ಇನ್ನೊಬ್ಬ ಸದಸ್ಯರಾಗಿದ್ದ ಡಾ. ಆಲಿನ್ಸನ್ ಅವರು ಸಂತಾನ ನಿಯಂತ್ರಣದ ವಿಧಾನಗಳನ್ನು ದುಡಿಯುವ ವರ್ಗದವರಲ್ಲಿ ಪ್ರಚಾರ ಮಾಡುತ್ತಿದ್ದರು. ಹಿಲ್ಸ್ ಅವರಿಗೆ ಇದು ನೀತಿಯ ಬುಡಕ್ಕೇ ಕೊಡಲಿ ಹಾಕಿದಂತೆ ಕಂಡಿತು. ಸಸ್ಯಾಹಾರಿ ಸಂಘದ ಗುರಿ ಆಹಾರವಷ್ಟೇ ಅಲ್ಲ, ನೈತಿಕ ಶುದ್ಧಿಯೂ ಹೌದು, ಆದ್ದರಿಂದ ಅಂಥವರು ಸಂಘದಲ್ಲಿರಬಾರದು ಎಂದು ಅವರು ಪಟ್ಟು ಹಿಡಿದರು. ಗಾಂಧೀಜಿಗೆ ಆಲಿನ್ಸನ್ನರ ಅಭಿಪ್ರಾಯ ಸಮ್ಮತವಾಗಿರಲಿಲ್ಲ, ಹಿಲ್ಸ್ ಅವರ ಔದಾರ್ಯದ ಬಗ್ಗೆ ಅಪಾರ ಗೌರವವೂ ಇತ್ತು. ಆದರೂ, ಮಾಂಸಾಹಾರ ಬಿಟ್ಟವನೊಬ್ಬ ಅಧ್ಯಕ್ಷರ ನೀತಿಕಲ್ಪನೆಯನ್ನು ಒಪ್ಪಲಿಲ್ಲವೆಂಬ ಒಂದೇ ಕಾರಣಕ್ಕೆ ಅವನನ್ನು ಸಸ್ಯಾಹಾರಿ ಸಂಘದಿಂದ ಹೊರಹಾಕುವುದು ನ್ಯಾಯವಲ್ಲವೆಂದು ಅವರಿಗೆ ತೋರಿತು. ತಮ್ಮ ವಾದವನ್ನು ಬರೆದುಕೊಂಡು ಹೋದರು. ಎದ್ದುನಿಂತು ಓದಲು ಗಾಂಧೀಜಿಗೆ ಧೈರ್ಯ ಸಾಲದ್ದರಿಂದ, ಅಧ್ಯಕ್ಷರು ಬೇರೊಬ್ಬರಿಂದ ಅದನ್ನು ಓದಿಸಿದರು. ಆಲಿನ್ಸನ್ ಸೋತರು. ಆಮೇಲೆ ತಾವು ಸಮಿತಿಗೆ ರಾಜೀನಾಮೆ ಕೊಟ್ಟ ಮಸುಕು ನೆನಪಿದೆಯೆಂದು ಗಾಂಧೀಜಿ ಹೇಳುತ್ತಾರೆ.

ಈ ಪ್ರಸಂಗವನ್ನೂ ಫುಟ್‌ಬಾಲ್ ಕ್ಲಬ್ಬಿನ ಕಥೆಯನ್ನೂ ಅಕ್ಕಪಕ್ಕ ಇಟ್ಟು ಓದಬೇಕೆಂದು ನಾನು ಕೇಳಿಕೊಳ್ಳುತ್ತೇನೆ. ತಾನು ನೆಟ್ಟ ಗಿಡ ತಾನು ಬಯಸಿದ ದಿಕ್ಕಿಗೇ ಕೊಂಬೆ ಚಾಚಬೇಕೆಂಬ ಹಟ ಎರಡೂ ಕಡೆ ಕಾಣುತ್ತದೆ. ಸಸ್ಯಾಹಾರಿ ಸಂಘ ಅಧ್ಯಕ್ಷರ ಮಾತು ಕೇಳಿತು. ಫುಟ್‌ಬಾಲ್ ಕ್ಲಬ್ಬು ಮಾತ್ರ ಕೇಳಲಿಲ್ಲ. ಕೆಲಸಗಾರರೂ ಆ ಊರಿನ ಪ್ರೇಕ್ಷಕರೂ ಅದನ್ನು ತಮ್ಮದೆಂದುಕೊಂಡು, ಗೆಲ್ಲುವ ತಂಡ ಬೇಕೆಂದು ಬಯಸಿದ್ದರು. ಹಾಗೆಂದು ಹಿಲ್ಸ್ ಮುನಿಸಿಕೊಂಡು ಕೈಚೆಲ್ಲಲಿಲ್ಲ ಎಂಬುದು ಅವರ ದೊಡ್ಡತನ. ಹೊಸ ಕ್ಲಬ್ಬಿನ ಷೇರು ಕೊಂಡರು, ತಮ್ಮ ಮೈದಾನದಲ್ಲಿ 1904ರವರೆಗೂ ಅದು ಆಡಲು ಬಿಟ್ಟರು. ಮುಂದೆ ಅನೇಕ ವರ್ಷ ಸಂಧಿವಾತದಿಂದ ಕೈಕಾಲು ಸ್ವಾಧೀನ ತಪ್ಪಿ ನರಳಿ, 1927ರಲ್ಲಿ ತೀರಿಕೊಂಡರು.

ಪ್ರಶ್ನೆ: ನಮ್ಮದು ರೈಲ್ವೆ ವರ್ಕ್‌ಶಾಪಿನ ಊರು. ವಿಕ್ಟೋರಿಯಾ ಕಾಲದಲ್ಲಿ ಇಂಗ್ಲೆಂಡಿನ ಬೇರೆ ಕಾರ್ಖಾನೆಗಳೂ ಹೀಗೆ ಕ್ಲಬ್ಬು ಕಟ್ಟಿದ್ದವೇ? ಕೆಲಸಗಾರರಿಗೆ ಆಡಲು ಬಿಡುವಾದರೂ ಎಲ್ಲಿತ್ತು? (ಹುಬ್ಬಳ್ಳಿಯ ಓದುಗರೊಬ್ಬರು)

ಉತ್ತರ: ಬಿಡುವಿನ ಪ್ರಶ್ನೆಯನ್ನು ಮೊದಲು ತೆಗೆದುಕೊಳ್ಳೋಣ, ಅದೇ ಬೀಜ. 1850ರ ಕಾರ್ಖಾನೆ ಕಾಯಿದೆ, ಬಟ್ಟೆ ಗಿರಣಿಗಳಲ್ಲಿ ಹೆಂಗಸರು ಮತ್ತು ಎಳೆಯರ ದುಡಿಮೆ ಶನಿವಾರ ಮಧ್ಯಾಹ್ನ ಎರಡಕ್ಕೆ ನಿಲ್ಲಬೇಕೆಂದು ವಿಧಿಸಿತು. ಅವರು ಹೊರಟ ಮೇಲೆ ಗಂಡಸರಿಗೂ ಗಿರಣಿಯಲ್ಲಿ ಕೆಲಸ ನಡೆಯುತ್ತಿರಲಿಲ್ಲ. ಕ್ರಮೇಣ ಈ ಅರ್ಧ ದಿನದ ರಜೆ ಬೇರೆ ಉದ್ಯಮಗಳಿಗೂ ಹರಡಿತು. ಭಾನುವಾರ ಧರ್ಮದ ಕಟ್ಟುಪಾಡಿನಿಂದ ಆಟಕ್ಕೆ ಅವಕಾಶವಿರಲಿಲ್ಲ. ಇಂಗ್ಲೆಂಡಿನಲ್ಲಿ ಶನಿವಾರ ಮಧ್ಯಾಹ್ನ ಮೂರಕ್ಕೆ ಫುಟ್‌ಬಾಲ್ ಎಂಬ ವಾಡಿಕೆ ಬೆಳೆದದ್ದು ಹೀಗೆ.

ನಿಮ್ಮ ಊರಿಗೆ ತೀರ ಹತ್ತಿರದ ಉದಾಹರಣೆಯೂ ಇದೆ. ಲ್ಯಾಂಕಷೈರ್ ಅಂಡ್ ಯಾರ್ಕ್‌ಷೈರ್ ರೈಲ್ವೆಯ ಬೋಗಿ ಮತ್ತು ವ್ಯಾಗನ್ ವರ್ಕ್‌ಶಾಪಿನ ಕೆಲಸಗಾರರು 1878ರಲ್ಲಿ ಮ್ಯಾಂಚೆಸ್ಟರಿನ ನ್ಯೂಟನ್ ಹೀತ್‌ನಲ್ಲಿ ಕಟ್ಟಿದ ತಂಡವೇ 1902ರಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ಎಂಬ ಹೆಸರು ಪಡೆಯಿತು. ವುಲಿಚ್‌ನ ಸರ್ಕಾರಿ ಶಸ್ತ್ರಾಸ್ತ್ರ ಕಾರ್ಖಾನೆಯ ಡಯಲ್ ಸ್ಕ್ವೇರ್ ವಿಭಾಗದವರು 1886ರಲ್ಲಿ ಆರಂಭಿಸಿದ ತಂಡ ಇಂದಿನ ಆರ್ಸೆನಲ್. ಮಿಲ್‌ವಾಲ್ ತಂಡವನ್ನು 1885ರಲ್ಲಿ ಕಟ್ಟಿದವರು ಜಾಮ್ ಮುಂತಾದ ಡಬ್ಬಿ ಆಹಾರ ತಯಾರಿಸುವ ಕಾರ್ಖಾನೆಯೊಂದರ ಕೆಲಸಗಾರರು.

ಆದರೆ ಐರನ್‌ವರ್ಕ್ಸ್‌ಗಿಂತಲೂ ಅಲ್ಪಾಯುಷಿಯಾದ ಒಂದು ಕ್ಲಬ್ಬನ್ನು ಇಲ್ಲಿ ನೆನೆಯಲೇಬೇಕು. ಕ್ಯಾಸಲ್ ಮೇಲ್ ಪ್ಯಾಕೆಟ್ ಎಂಬ ಹಡಗು ಕಂಪನಿಯ ಆಶ್ರಯದಲ್ಲಿ 1892ರಲ್ಲಿ ಹುಟ್ಟಿದ ಕ್ಯಾಸಲ್ ಸ್ವಿಫ್ಟ್ಸ್, ಎಸೆಕ್ಸ್ ಪ್ರಾಂತ್ಯದಲ್ಲಿ ಆಟಗಾರರಿಗೆ ಸಂಬಳ ಕೊಟ್ಟ ಮೊದಲ ಕ್ಲಬ್ಬೆಂದು ಹೇಳುತ್ತಾರೆ. 1894ರಲ್ಲಿ ಓಲ್ಡ್ ಸೇಂಟ್ ಲೂಕ್ಸ್ ತಂಡದೊಂದಿಗೆ ಬೆರೆತು ಓಲ್ಡ್ ಕ್ಯಾಸಲ್ ಸ್ವಿಫ್ಟ್ಸ್ ಆಯಿತು. ಮರುವರ್ಷವೇ ಹಣವಿಲ್ಲದೆ ಬಾಗಿಲು ಮುಚ್ಚಿತು. ಅದು ಬಿಟ್ಟುಹೋದ ಹರ್ಮಿಟ್ ರೋಡ್ ಮೈದಾನವೂ ಅದರ ಕೆಲವು ಆಟಗಾರರೂ ಐರನ್‌ವರ್ಕ್ಸ್ ಪಾಲಿಗೆ ಬಂದರು. ಮೂರೇ ವರ್ಷ ಬಾಳಿದ ಆ ಕ್ಲಬ್ಬು ಇಲ್ಲದಿದ್ದರೆ ಟೇಲರ್ ಅವರಿಗೆ ಎರಡೇ ತಿಂಗಳಲ್ಲಿ ಆಡಬಲ್ಲ ತಂಡವೂ ಮೈದಾನವೂ ಸಿಗುತ್ತಿರಲಿಲ್ಲ. ವೆಸ್ಟ್ ಹ್ಯಾಮ್‌ನ ಅಭಿಮಾನಿಗಳಲ್ಲೂ ಅನೇಕರು ಈ ಋಣವನ್ನು ಮರೆತಿರುವುದು ನನಗೆ ನೋವಿನ ವಿಷಯ.

ಪ್ರಶ್ನೆ: ಓಟದ ಪಂದ್ಯದಲ್ಲಿ ಬಾಜಿ ಗೆದ್ದು ಆ ತಂಡಕ್ಕೆ ಕೆಂಗಂದು–ತಿಳಿನೀಲಿ ಅಂಗಿ ಬಂದಿತೆಂಬ ಕಥೆ ನಿಜವೇ? (ಮಂಗಳೂರಿನ ಕಾಲೇಜು ವಿದ್ಯಾರ್ಥಿಯೊಬ್ಬರು)

ಉತ್ತರ: ಅದು ಪರಂಪರೆಯಿಂದ ಬಂದ ಕಥೆ, ಕಥೆಯೆಂದೇ ಕೇಳಿ. ರಿವೆಟ್ ಕಲಿಯುತ್ತಿದ್ದ ಚಾರ್ಲಿ ಡವ್ ಅವರ ತಂದೆ ಬಿಲ್ ಡವ್ ಹೆಸರಾಂತ ಓಟಗಾರ. 1899ರ ಬೇಸಿಗೆಯಲ್ಲಿ ಬರ್ಮಿಂಗ್‌ಹ್ಯಾಮ್‌ನ ಜಾತ್ರೆಯೊಂದರಲ್ಲಿ ಆ್ಯಸ್ಟನ್ ವಿಲಾ ತಂಡದ ನಾಲ್ವರು ಅವರಿಗೆ ಸವಾಲು ಹಾಕಿ ಸೋತರಂತೆ. ಕೊಡಲು ಹಣವಿಲ್ಲದೆ, ಅವರಲ್ಲಿ ತಂಡದ ಬಟ್ಟೆ ಒಗೆಸುವ ಹೊಣೆಯಿದ್ದವನೊಬ್ಬ ವಿಲಾದ ಅಂಗಿಗಳನ್ನೇ ಕೊಟ್ಟನಂತೆ. ಮೊದಲ ವರ್ಷಗಳಲ್ಲಿ ತಂಡ ತೊಡುತ್ತಿದ್ದುದು, ಹಿಲ್ಸ್ ಓದಿದ ಆಕ್ಸ್‌ಫರ್ಡ್‌ನ ಕಡುನೀಲಿ. ಕೊನೆಯ ಋತುವಿಗೆ ಅದು ವಿಲಾ ತಂಡದ ಬಣ್ಣಗಳಿಗೆ ಬದಲಾದದ್ದಂತೂ ಖಚಿತ.

ಪ್ರಶ್ನೆ: ಮಗಳು ಲಂಡನ್ನಿನಲ್ಲಿದ್ದಾಳೆ, ಮುಂದಿನ ವರ್ಷ ಹೋಗುತ್ತಿದ್ದೇವೆ. ಆ ಕ್ಲಬ್ಬಿನ, ಕಾರ್ಖಾನೆಯ ಕುರುಹು ಏನಾದರೂ ನೋಡಲು ಉಳಿದಿದೆಯೇ? (ಶಿವಮೊಗ್ಗದ ದಂಪತಿ)

ಉತ್ತರ: ಕಾರ್ಖಾನೆ ಉಳಿದಿಲ್ಲ. ಕಲ್ಲಿದ್ದಲೂ ಕಬ್ಬಿಣವೂ ಹತ್ತಿರವೇ ಸಿಗುತ್ತಿದ್ದ ಉತ್ತರದ ಹಡಗುಕಟ್ಟೆಗಳೊಂದಿಗೆ ಪೈಪೋಟಿ ಮಾಡಲಾರದೆ, 1911ರಲ್ಲಿ ‘ಥಂಡರರ್’ ಎಂಬ ಕೊನೆಯ ಯುದ್ಧನೌಕೆಯನ್ನು ನೀರಿಗಿಳಿಸಿ, 1912ರಲ್ಲಿ ಅದು ಮುಚ್ಚಿತು. ಆದರೆ ಕ್ಯಾನಿಂಗ್ ಟೌನ್ ನಿಲ್ದಾಣದಲ್ಲಿ ಇಳಿದರೆ, ಅಲ್ಲಿನ ಗೋಡೆಯ ಮೇಲೆ ಈ ಹಡಗುಕಟ್ಟೆಯ ನೆನಪಿಗೆ ಕೊರೆದ ದೊಡ್ಡ ಅಕ್ಷರಗಳ ಬರಹವಿದೆ. ನಿಂತು ಓದಿ. ಅಲ್ಲಿಂದ ಮುಂದಿನ ಸ್ಟೇಷನ್ನಾದ ವೆಸ್ಟ್ ಹ್ಯಾಮ್‌ನಲ್ಲಿ ಇಳಿದು ನಡೆದರೆ ಹಿಲ್ಸ್ ಕಟ್ಟಿಸಿದ ಮೆಮೊರಿಯಲ್ ಗ್ರೌಂಡ್ಸ್ ಸಿಗುತ್ತದೆ. ಈಜುಕೊಳ, ಸೈಕಲ್ ಪಥ ಯಾವುದೂ ಈಗಿಲ್ಲ, ಆದರೆ ಬಯಲು ಬಯಲಾಗಿಯೇ ಉಳಿದಿದೆ, ಅಲ್ಲಿ ಇಂದಿಗೂ ಆಟ ನಡೆಯುತ್ತದೆ. ಒಂದು ದಿನ ಹೆಚ್ಚು ಬಿಡುವಿದ್ದರೆ ರೈಲಿನಲ್ಲಿ ದಕ್ಷಿಣದ ಪೋರ್ಟ್ಸ್‌ಮತ್‌ಗೆ ಹೋಗಿಬನ್ನಿ. 1860ರಲ್ಲಿ ಆ ಹಡಗುಕಟ್ಟೆಯವರು ಕಟ್ಟಿದ ‘ವಾರಿಯರ್’ ಜೀರ್ಣೋದ್ಧಾರಗೊಂಡು 1987ರಿಂದ ಅಲ್ಲಿ ನೀರಿನ ಮೇಲೆ ನಿಂತಿದೆ. ಟಿಕೆಟ್ ಪಡೆದು ಒಳಗೆ ಹೋಗಬಹುದು, ಆ ಕಬ್ಬಿಣವನ್ನು ಕೈಯಿಂದ ಮುಟ್ಟಬಹುದು.